ಮಂಡಕ್ಕಿ ಭಟ್ಟಿಯ ಡ್ರ್ಯಾಗನ್

ಪ್ರಶ್ನೆ:

ನಾವು ದಾವಣಗೆರೆಯವರು. ಮಗನಿಗೆ ಆರು ವರ್ಷ, ಒಂದನೇ ಕ್ಲಾಸು. ರಜೆಯಲ್ಲಿ ಬೆಂಗಳೂರಿನ ನಮ್ಮ ಅಕ್ಕನ ಮಗ ಅವನಿಗೆ ಒಂದು ಡ್ರ್ಯಾಗನ್ ಕತೆ ಪುಸ್ತಕ ಕೊಟ್ಟ. ಅದೇ ವಾರ ಚಿತ್ರದುರ್ಗದ ಕೋಟೆ ನೋಡಲು ಹೋಗಿದ್ದೆವು. ಹಿಡಿಂಬೇಶ್ವರನ ಗುಡಿಯಲ್ಲಿ ಹಿಡಿಂಬನ ಹಲ್ಲು ಇದೆ ಎಂದು ಯಾರೋ ಹೇಳಿದ್ದು ಇವನ ಕಿವಿಗೆ ಬಿತ್ತು. ಅಲ್ಲಿಂದ ಶುರು. ಕೋಟೆಯ ಗುಹೆಯಲ್ಲಿ ಒಂದು ಡ್ರ್ಯಾಗನ್ ಇದೆಯಂತೆ. ಗಾಳಿಯಂತ್ರಗಳ ಗುಡ್ಡ ದಾಟಿ ಹಾರಿ ಬರುತ್ತದಂತೆ. ನಮ್ಮೂರಿನ ಮಂಡಕ್ಕಿ ಭಟ್ಟಿಯಲ್ಲಿ ಕೆಲಸಕ್ಕೆ ಸೇರಿದೆಯಂತೆ! ಭಟ್ಟಿಯ ಹೊಗೆ ಕಂಡರೆ ಸಾಕು, "ನೋಡಮ್ಮ, ಉಸಿರು ಬಿಡ್ತಿದೆ" ಅನ್ನುತ್ತಾನೆ. ಹಗಲೆಲ್ಲ ಖುಷಿ. ರಾತ್ರಿ ಮಾತ್ರ ಬಾತ್‌ರೂಮಿಗೆ ಒಬ್ಬನೇ ಹೋಗುವುದಿಲ್ಲ. ಮೂರು ತಿಂಗಳಾಯಿತು.

"ನಮ್ಮ ಟೆರೇಸ್ ಮೇಲೆ ಡ್ರ್ಯಾಗನ್ ಮಲಗುತ್ತೆ" ಎಂದು ಶಾಲೆಯಲ್ಲಿ ಹೇಳಿದ್ದಕ್ಕೆ, "ಸುಳ್ಳು ಹೇಳುತ್ತಾನೆ, ಗಮನಿಸಿ" ಎಂದು ಮಿಸ್ ಡೈರಿಯಲ್ಲಿ ಬರೆದರು. ನಮ್ಮ ಯಜಮಾನರು ಪುಸ್ತಕವನ್ನು ಅಟ್ಟಕ್ಕೆ ಹಾಕಿ, "ಇನ್ನು ಜಿಕೆ ಪುಸ್ತಕ ಮಾತ್ರ" ಅಂದಿದ್ದಾರೆ. ಮಾವನವರದು, "ನಮ್ಮ ಕತೆಗಳಿಗೆ ಏನು ಬರ, ಪರದೇಶದ ಹಾವು ಯಾಕೆ" ಅನ್ನುವ ವಾದ. ಅತ್ತೆ ಗಾಳಿ ಸೋಕಿದೆ ಎಂದು ದಾರ ಕಟ್ಟಿಸುವ ಯೋಚನೆಯಲ್ಲಿದ್ದಾರೆ. ನಾನೂ ಸಾಚಾ ಅಲ್ಲ. ಊಟಕ್ಕೆ ಹಟ ಮಾಡಿದಾಗ "ಡ್ರ್ಯಾಗನ್ ಕರೀತೀನಿ ನೋಡು" ಎಂದು ಒಂದೆರಡು ಸಲ ಹೆದರಿಸಿದ್ದೇನೆ.

ಅವನು ಇದನ್ನೆಲ್ಲ ನಿಜ ಎಂದೇ ನಂಬಿದ್ದಾನಾ? ಇಂಥ ಕತೆ ನಿಲ್ಲಿಸಬೇಕಾ? ಡಾಕ್ಟರಿಗೆ ತೋರಿಸಬೇಕಾ? ನಿಮಗೆ ಬರೆಯುತ್ತಿದ್ದೇನೆ ಅಂದಾಗ ಅವನೂ ಒಂದು ಪ್ರಶ್ನೆ ಸೇರಿಸು ಅಂದ: "ಬೆಂಕಿ ಉಗುಳುವಾಗ ಡ್ರ್ಯಾಗನ್‌ಗೆ ಬಾಯಿ ಸುಡಲ್ವಾ?"

ಉತ್ತರ:

ನಿಮ್ಮ ಮಗನ ಪ್ರಶ್ನೆಗೆ ಕೊನೆಯಲ್ಲಿ ಬರುತ್ತೇನೆ. ಪತ್ರದಲ್ಲಿರುವ ಪ್ರಶ್ನೆಗಳಲ್ಲಿ ಅದೇ ಒಳ್ಳೆಯದು.

ಪತ್ರವನ್ನು ಎರಡು ಸಲ ಓದಿದೆ. ನೀವು ಒಂದೇ ಚಿಂತೆ ಎಂದುಕೊಂಡಿದ್ದೀರಿ, ಆದರೆ ಅಲ್ಲಿ ಮೂರಿವೆ. ಹಗಲು ಹೇಳುವ ಕತೆ, ರಾತ್ರಿಯ ಹೆದರಿಕೆ, ಮತ್ತು ಶಾಲೆಯವರ "ಸುಳ್ಳು". ಮೂರಕ್ಕೂ ಡ್ರ್ಯಾಗನ್ ಅನ್ನುವ ಒಂದೇ ಹೆಸರು ಅಂಟಿಕೊಂಡಿದೆ, ಅದಕ್ಕೇ ಗೊಂದಲ. ಮನೆಯವರೆಲ್ಲ ಸೇರಿ ಅದನ್ನು ಓಡಿಸಲು ನಿಂತಿದ್ದೀರಿ. ಮಕ್ಕಳ ಆಪ್ತ ಸಮಾಲೋಚನೆಯಲ್ಲಿ ಇಪ್ಪತ್ತು ವರ್ಷ ಕಳೆದ ಮೇಲೆ ನನಗೆ ಅನ್ನಿಸುವುದೇ ಬೇರೆ. ಆ ಡ್ರ್ಯಾಗನ್ ಮಗನ ಕೈಯಲ್ಲಿದ್ದರೆ ಯಾವ ತೊಂದರೆಯೂ ಇಲ್ಲ. ಅದು ದೊಡ್ಡವರ ಕೈಗೆ ಹೋದಾಗಲೇ ತೊಂದರೆ.

ಮೊದಲು, ನಂಬಿದ್ದಾನಾ ಎನ್ನುವುದು. ಹಗಲು ನಂಬಿಲ್ಲ. ರಾತ್ರಿ ಅರ್ಧ ನಂಬುತ್ತಾನೆ. ಕೇಳಲು ವಿಚಿತ್ರ, ಆದರೆ ನಮ್ಮ ನಿಮ್ಮ ಮನಸ್ಸೂ ಹಾಗೇ ಇದೆ.

1991ರಲ್ಲಿ ಪಾಲ್ ಹ್ಯಾರಿಸ್ ಎಂಬ ಮನೋವಿಜ್ಞಾನಿ ಮತ್ತು ಜೊತೆಗಾರರು ಪ್ರಕಟಿಸಿದ ಒಂದು ಪ್ರಯೋಗ ನನಗೆ ಬಹಳ ಇಷ್ಟ. ನಾಲ್ಕು ಮತ್ತು ಆರು ವರ್ಷದ ಮಕ್ಕಳಿಗೆ ಖಾಲಿ ಪೆಟ್ಟಿಗೆ ತೋರಿಸಿದರು. ಕೆಲವರಿಗೆ "ಇದರೊಳಗೆ ಮೊಲ ಇದೆ ಅಂದುಕೋ" ಅಂದರು, ಕೆಲವರಿಗೆ "ಇದರೊಳಗೆ ಭಯಂಕರ ಪ್ರಾಣಿ ಇದೆ ಅಂದುಕೋ" ಅಂದರು. ಒಳಗೆ ನಿಜವಾಗಿ ಏನಿದೆ ಎಂದು ಕೇಳಿದರೆ ಮಕ್ಕಳಿಗೆ ಗೊತ್ತಿತ್ತು, ಏನೂ ಇಲ್ಲ. ಆಮೇಲೆ ಪ್ರಯೋಗ ಮಾಡುವವರು "ಒಂದು ನಿಮಿಷ ಹೊರಗೆ ಹೋಗಿ ಬರ್ತೀನಿ" ಅಂದಾಗ, ಭಯಂಕರ ಪ್ರಾಣಿಯ ಗುಂಪಿನ ಕೆಲವು ಪುಟ್ಟ ಮಕ್ಕಳು ಹೋಗಲು ಬಿಡಲಿಲ್ಲ. ಒಬ್ಬರೇ ಉಳಿದ ಮಕ್ಕಳಲ್ಲಿ ಹಲವರು ಪೆಟ್ಟಿಗೆಯ ಹತ್ತಿರ ಹೋಗಿ ಇಣುಕಿ ನೋಡಿದರು. ಇಲ್ಲ ಎಂದು ಗೊತ್ತು, ಆದರೂ "ಅಕಸ್ಮಾತ್ ಇದ್ದರೆ?"

ಇದಕ್ಕೆ ನಗುವ ಮುಂಚೆ ತೊಂಬತ್ತರ ದಶಕ ನೆನಪಿಸಿಕೊಳ್ಳಿ. ರಾಜ್ಯದ ಎಷ್ಟೋ ಊರುಗಳಲ್ಲಿ ಬಾಗಿಲ ಮೇಲೆ "ನಾಳೆ ಬಾ" ಎಂದು ಸೀಮೆಸುಣ್ಣದಲ್ಲಿ ಬರೆದಿದ್ದರು. ರಾತ್ರಿ ಕದ ತಟ್ಟುವ ದೆವ್ವ ಅದನ್ನು ಓದಿ ವಾಪಸ್ ಹೋಗಬೇಕು ಅಂತ. ಬರೆದವರು ಆರು ವರ್ಷದವರಲ್ಲ. ಅವರಲ್ಲಿ ಮೇಷ್ಟ್ರುಗಳೂ ಇದ್ದರು. ದೆವ್ವವನ್ನು ಪೂರ್ತಿ ನಂಬಿದ್ದವರು ಕಡಿಮೆ, ಆದರೆ ಬರೆಯದೆ ಬಿಡುವ ಧೈರ್ಯ ಇದ್ದವರು ಇನ್ನೂ ಕಡಿಮೆ.

ಕಲ್ಪನೆ ಜಾಸ್ತಿ ಇರುವ ಮಕ್ಕಳಿಗೆ ನಿಜ-ಸುಳ್ಳಿನ ಗೆರೆ ಕಾಣುವುದಿಲ್ಲ ಎಂಬ ಮಾತು ನನ್ನ ಕೋಣೆಯಲ್ಲಿ ವಾರಕ್ಕೊಮ್ಮೆ ಕೇಳಿ ಬರುತ್ತದೆ. ಅದು ತಪ್ಪು. ಮೂರು ವರ್ಷದ ಹೊತ್ತಿಗೇ ಮಕ್ಕಳು ಕಲ್ಪನೆಯ ಬಿಸ್ಕತ್ತನ್ನು ತಿನ್ನಲಾಗುವುದಿಲ್ಲ ಎಂದು ತಿಳಿದಿರುತ್ತಾರೆ. ಅಮೆರಿಕದ ಮಾರ್ಜರಿ ಟೇಲರ್ ಮತ್ತು ಸ್ಟೆಫನಿ ಕಾರ್ಲ್‌ಸನ್ ತಂಡ 2004ರಲ್ಲಿ ಪ್ರಕಟಿಸಿದ ಅಧ್ಯಯನದಲ್ಲಿ, ಏಳು ವರ್ಷ ತುಂಬುವ ಹೊತ್ತಿಗೆ ಸುಮಾರು ಶೇಕಡ 65 ಮಕ್ಕಳಿಗೆ ಒಂದಲ್ಲ ಒಂದು ಕಾಲ್ಪನಿಕ ಜೊತೆಗಾರ ಇದ್ದದ್ದು ಕಂಡುಬಂತು. ಅಂದರೆ ಇಂಥ ಗೆಳೆಯರಿಲ್ಲದ ಮಕ್ಕಳೇ ಕಡಿಮೆ. ನಿಮ್ಮವನ ಗೆಳೆಯನಿಗೆ ರೆಕ್ಕೆ ಇದೆ, ಅಷ್ಟೇ. ಸಾಲದ್ದಕ್ಕೆ ಅವನು ಅದಕ್ಕೊಂದು ಕೆಲಸವನ್ನೂ ಕೊಡಿಸಿದ್ದಾನೆ!

ಮಾವನವರ ಮಾತಿಗೆ ಸ್ವಲ್ಪ ಜಾಸ್ತಿ ಜಾಗ ಕೊಡುತ್ತೇನೆ, ಯಾಕೆಂದರೆ ನನಗೂ ಅದು ಇಷ್ಟದ ವಿಷಯ. ಡ್ರ್ಯಾಗನ್ ಪರದೇಶದ್ದು ನಿಜ, ಹೆಸರಿನ ಮಟ್ಟಿಗೆ. ಕನ್ನಡಕ್ಕೆ ಬೈಬಲ್ ತಂದವರಿಗೂ ಇದೇ ಕಷ್ಟ ಬಂದಿರಬೇಕು. ಅವರು ಅದನ್ನು ಘಟಸರ್ಪ ಎಂದು ಕರೆದರು. ಒಳ್ಳೆಯ ಆಯ್ಕೆ. ನಮ್ಮ ಅಜ್ಜಿಯರ ಕತೆಯಲ್ಲಿ ನಿಧಿ ಕಾಯುವುದು ಘಟಸರ್ಪವೇ. ಯುರೋಪಿನ ಡ್ರ್ಯಾಗನ್ನೂ ಗುಹೆಯಲ್ಲಿ ಚಿನ್ನದ ರಾಶಿಯ ಮೇಲೆ ಕೂತಿರುತ್ತದೆ. ದುರ್ಗದ ಸುತ್ತಮುತ್ತ ಬೆಳೆದ ಯಾರನ್ನು ಕೇಳಿದರೂ ನಿಧಿ ಮತ್ತು ಹಾವಿನ ಒಂದು ಕತೆಯಾದರೂ ಸಿಗುತ್ತದೆ. ಚೀನಾದ ಡ್ರ್ಯಾಗನ್ ಬೇರೆ ಜಾತಿ. ಅದು ಮಳೆ ತರುವ, ನೀರಿನ ಒಡೆಯ. ನಮ್ಮ ಋಗ್ವೇದದಲ್ಲಿ ನೀರನ್ನು ತಡೆದು ಮಲಗಿದ್ದ ವೃತ್ರನೂ ಸರ್ಪವೇ, ಇಂದ್ರ ಅವನನ್ನು ಕೊಂದು ನೀರು ಬಿಡಿಸಿದ. ಕಾಳಿಂಗನನ್ನು ಕೃಷ್ಣ ಕೊಲ್ಲಲೂ ಇಲ್ಲ, ಹೆಡೆಯ ಮೇಲೆ ಕುಣಿದು ಬೇರೆ ಕಡೆ ಕಳಿಸಿದ. ಆರು ವರ್ಷದ ಮಗುವಿಗೆ ಇದಕ್ಕಿಂತ ಒಳ್ಳೆಯ ಡ್ರ್ಯಾಗನ್ ಕತೆ ನನಗೆ ಗೊತ್ತಿಲ್ಲ.

ಇನ್ನು ಮಕರ. ಬೇಲೂರು, ಹಳೇಬೀಡಿಗೆ ಹೋದಾಗ ಗುಡಿಯ ಬುಡದ ಪಟ್ಟಿಗಳನ್ನು ಮಗನಿಗೆ ತೋರಿಸಿ. ಆನೆಯಂಥ ಸೊಂಡಿಲು, ಮೊಸಳೆಯಂಥ ಬಾಯಿ, ಬಾಲದ ಜಾಗದಲ್ಲಿ ನವಿಲುಗರಿಯಂಥ ಬಳ್ಳಿ. ಶಿಲ್ಪಿ ಹೊಸದಾಗಿ ಏನನ್ನೂ ಹುಟ್ಟಿಸಲಿಲ್ಲ, ಕಂಡ ಪ್ರಾಣಿಗಳನ್ನೇ ಬಿಚ್ಚಿ ಬೇರೆ ರೀತಿ ಜೋಡಿಸಿದ. ಕಲ್ಪನೆ ಅಂದರೆ ಹೆಚ್ಚು ಕಡಿಮೆ ಇಷ್ಟೇ. ನಿಮ್ಮ ಮಗ ಮಾಡಿದ್ದೂ ಇದನ್ನೇ ಅಲ್ವಾ? ಪುಸ್ತಕದಿಂದ ಮೈ, ದುರ್ಗದಿಂದ ಗುಹೆ ಮತ್ತು ಹಲ್ಲು, ಗುಡ್ಡದ ಗಾಳಿಯಂತ್ರದಿಂದ ರೆಕ್ಕೆ, ನಿಮ್ಮೂರ ಭಟ್ಟಿಯಿಂದ ಹೊಗೆ. ಅದನ್ನು ಪರದೇಶದ್ದು ಅನ್ನಲು ನನಗಂತೂ ಮನಸ್ಸು ಬರುವುದಿಲ್ಲ. ಅದು ಪಕ್ಕಾ ದಾವಣಗೆರೆಯದು.

ಆ ಹಲ್ಲಿನ ವಿಷಯ. ದೊಡ್ಡ ಮೂಳೆ ಕಂಡಲ್ಲಿ ಕತೆ ಹುಟ್ಟುವುದು ಲೋಕಾರೂಢಿ. ಆಸ್ಟ್ರಿಯಾದ ಕ್ಲಾಗೆನ್‌ಫರ್ಟ್ ಊರಿನಲ್ಲಿ 1335ರಲ್ಲಿ ಒಂದು ಭಾರಿ ತಲೆಬುರುಡೆ ಸಿಕ್ಕಿತು. ಜನ ಡ್ರ್ಯಾಗನ್ ತಲೆ ಅಂದರು. ಮುಂದೆ ಊರ ಚೌಕದಲ್ಲಿ ನಿಲ್ಲಿಸಿದ ಡ್ರ್ಯಾಗನ್ ಪ್ರತಿಮೆಯ ತಲೆಗೆ ಅದೇ ಮಾದರಿಯಾಯಿತು. ಅದು ಹಿಮಯುಗದ, ಮೈತುಂಬ ಕೂದಲಿದ್ದ ಘೇಂಡಾಮೃಗದ ಬುರುಡೆ ಎಂದು ಆಮೇಲೆ ತಿಳಿಯಿತು. ಚೀನಾದಲ್ಲಿ ನೆಲದಿಂದ ಸಿಕ್ಕ ಹಳೆಯ ಪಳೆಯುಳಿಕೆಗಳನ್ನು "ಡ್ರ್ಯಾಗನ್ ಮೂಳೆ" ಎಂದು ಔಷಧದ ಅಂಗಡಿಯಲ್ಲಿ ಮಾರುತ್ತಿದ್ದರು. ದೊಡ್ಡವರು ಊರಿಗೆ ಊರೇ ಸೇರಿ ಮಾಡಿದ್ದನ್ನು ನಿಮ್ಮ ಮಗ ಒಬ್ಬನೇ ಮೂರು ತಿಂಗಳಲ್ಲಿ ಮಾಡಿದ್ದಾನೆ.

ಈಗ ನಿಮ್ಮ ಪತ್ರದಲ್ಲಿ ನನಗೆ ಚುಚ್ಚಿದ ಒಂದು ಸಾಲಿಗೆ ಬರುತ್ತೇನೆ. "ಡ್ರ್ಯಾಗನ್ ಕರೀತೀನಿ ನೋಡು." ಬರೆದು ತಿಳಿಸಿದ್ದು ಒಳ್ಳೆಯದಾಯಿತು, ಬಹಳ ಜನ ಇದನ್ನು ಮುಚ್ಚಿಡುತ್ತಾರೆ. ಇದು ನಿಮ್ಮೊಬ್ಬರ ಚಾಳಿಯೂ ಅಲ್ಲ. ಪುರಂದರದಾಸರ ಕಾಲದಲ್ಲೇ ಬಾಲಕೃಷ್ಣ ಗುಮ್ಮನನ್ನು ಕರೆಯಬೇಡಮ್ಮ ಎಂದು ಯಶೋದೆಯ ಕಾಲು ಕಟ್ಟುತ್ತಾನೆ. ಸುಮ್ಮನಿರುತ್ತೇನೆ, ಊಟ ಮಾಡುತ್ತೇನೆ, ಅಳುವುದಿಲ್ಲ ಎಂದು ಸಾಲಾಗಿ ಮಾತು ಕೊಡುತ್ತಾನೆ. ಗುಮ್ಮ ಕೆಲಸ ಮಾಡುತ್ತದೆ ಅನ್ನುವುದರಲ್ಲಿ ಅನುಮಾನವಿಲ್ಲ. ತಟ್ಟೆ ಖಾಲಿಯಾಗುತ್ತದೆ. ಆದರೆ ಲೆಕ್ಕ ಅಲ್ಲಿಗೆ ಮುಗಿಯುವುದಿಲ್ಲ.

ಮಗ ಕಟ್ಟಿದ ಡ್ರ್ಯಾಗನ್ ಅವನು ಹೇಳಿದಾಗ ಬರುತ್ತದೆ, ಸಾಕು ಅಂದಾಗ ಹೋಗುತ್ತದೆ. ನೀವು ಕರೆಯುವ ಡ್ರ್ಯಾಗನ್ ಅವನ ಮಾತು ಕೇಳುವುದಿಲ್ಲ. ಜೊತೆಗೆ, ಹೆದರಿದಾಗ ಓಡಿ ಬಂದು ತಬ್ಬಿಕೊಳ್ಳಬೇಕಾದ ಅಮ್ಮನೇ ಅದರ ಕಡೆಯವಳು! ರಾತ್ರಿ ಕತ್ತಲಲ್ಲಿ ಅವನ ಮುಂದೆ ನಿಲ್ಲುವುದು ಭಟ್ಟಿಯ ಡ್ರ್ಯಾಗನ್ ಅಲ್ಲ, ಊಟದ ಹೊತ್ತಿನ ಈ ಎರಡನೆಯದು ಎಂದು ನನ್ನ ಅಂದಾಜು. ಒಂದೆರಡು ಸಲ ಅಂದಿದ್ದೀರಿ. ಮನೆಯಲ್ಲಿ ಇನ್ನೂ ಯಾರು ಯಾರು ಎಷ್ಟು ಸಲ ಅಂದಿದ್ದಾರೆ, ಒಮ್ಮೆ ಎಲ್ಲರನ್ನೂ ಕೇಳಿ ನೋಡಿ.

ನಾನೂ ಇದರಲ್ಲಿ ಕೈ ಸುಟ್ಟುಕೊಂಡವನೇ. ಮಗಳಿಗೆ ಐದು ವರ್ಷ ಇದ್ದಾಗ, ಕರೆಂಟು ಹೋದ ಒಂದು ರಾತ್ರಿ ನಿಧಿ ಕಾಯುವ ಘಟಸರ್ಪದ ಕತೆ ಹೇಳಿದೆ. ಹುಮ್ಮಸ್ಸು ಬಂದು ಟಾರ್ಚನ್ನು ಗಲ್ಲದ ಕೆಳಗೆ ಹಿಡಿದು ಬುಸ್ ಅಂದೆ. "ಸಾಕಪ್ಪಾ, ನಿಲ್ಸು" ಅಂದಳು. ನಾನು ನಿಲ್ಲಿಸಲಿಲ್ಲ. ಹದಿನೈದು ದಿನ ಅವಳು ಸಂಪಿನ ಹತ್ತಿರ ಸುಳಿಯಲಿಲ್ಲ. ತಪ್ಪು ಹಾವಿನದಾಗಿರಲಿಲ್ಲ. ನಿಲ್ಲಿಸು ಅಂದಾಗ ನಾನು ನಿಲ್ಲಿಸದೆ ಇದ್ದದ್ದು ತಪ್ಪು. ಇದೇ ಕಾರಣಕ್ಕೆ ಮೊಬೈಲಿನ ವಿಡಿಯೋ ಮತ್ತು ಮಡಿಲಲ್ಲಿ ಕೇಳುವ ಕತೆ ಒಂದೇ ಅಲ್ಲ. ಅಜ್ಜಿ ಹೇಳುವಾಗ ರಾಕ್ಷಸ ಎಷ್ಟು ದೊಡ್ಡವನು ಎನ್ನುವುದನ್ನು ಮಗುವೇ ತೀರ್ಮಾನಿಸುತ್ತದೆ, ತಾಳಿಕೊಳ್ಳುವಷ್ಟೇ ದೊಡ್ಡವನನ್ನು ಮಾಡಿಕೊಳ್ಳುತ್ತದೆ. ವಿಡಿಯೋದಲ್ಲಿ ಅಳತೆ ಬೇರೆಯವರದು, ಸದ್ದು ಬೇರೆಯವರದು, ಒಂದು ಮುಗಿಯುವ ಮುಂಚೆ ಇನ್ನೊಂದು ಶುರು. ಮಲಗುವ ಒಂದು ಗಂಟೆ ಮುಂಚೆ ಪರದೆ ಬಂದ್ ಮಾಡಿ. ಇದೊಂದರಲ್ಲಿ ನನ್ನದು ಹಟ.

ರಾತ್ರಿಯೇ ಯಾಕೆ ಹೆದರಿಕೆ ಎಂದು ತಂದೆತಾಯಿ ಕೇಳುತ್ತಾರೆ. ಕತ್ತಲಲ್ಲಿ ಕಣ್ಣಿಗೆ ಸುದ್ದಿ ಕಡಿಮೆ. ಸುದ್ದಿ ಇಲ್ಲದ ಕಡೆ ಮನಸ್ಸು ತಾನೇ ತುಂಬಿಕೊಳ್ಳುತ್ತದೆ. ದಣಿದ ಮಗುವಿನಲ್ಲಿ "ಅದೆಲ್ಲ ಸುಮ್ನೆ" ಎಂದು ಬುದ್ಧಿ ಹೇಳುವ ಭಾಗ ಮೊದಲು ನಿದ್ದೆಗೆ ಜಾರುತ್ತದೆ, ಹೆದರುವ ಭಾಗ ಎಚ್ಚರವಿರುತ್ತದೆ. ಆರು ವರ್ಷದ ಮಕ್ಕಳಿಗೆ ದಿನಕ್ಕೆ 9ರಿಂದ 12 ಗಂಟೆ ನಿದ್ದೆ ಬೇಕು. ಶಾಲೆ ವ್ಯಾನು ಏಳೂವರೆಗೆ ಬಂದು, ಮಗು ಮಲಗುವುದು ಹನ್ನೊಂದಕ್ಕಾದರೆ, ಡ್ರ್ಯಾಗನ್ ಇಲ್ಲದ ಮನೆಯಲ್ಲೂ ಹೆದರಿಕೆ ಬರುತ್ತದೆ.

ಈಗ ನಿಮ್ಮ ಮುಂದಿರುವ ದಾರಿಗಳು. ಯಾವುದೂ ಪೂರ್ತಿ ಸಲೀಸಲ್ಲ.

ಕತೆ ನಿಲ್ಲಿಸಿ, ಪುಸ್ತಕ ಅಟ್ಟಕ್ಕೆ ಹಾಕುವುದು ನಿಮ್ಮ ಯಜಮಾನರ ದಾರಿ. ನಾಲ್ಕು ದಿನ ಮನೆ ಶಾಂತವಾಗಿರುತ್ತದೆ. ಅಪಾಯ ಏನೆಂದರೆ, ಮಾತು ನಿಲ್ಲುತ್ತದೆ, ಹೆದರಿಕೆ ನಿಲ್ಲುವುದಿಲ್ಲ. ನನ್ನ ಹತ್ತಿರ ಬಂದ ಒಬ್ಬ ಹುಡುಗ ಒಂದು ವರ್ಷ ಯಾರಿಗೂ ಏನೂ ಹೇಳಿರಲಿಲ್ಲ. ಹೇಳಿದರೆ ಅಪ್ಪ ಚಿತ್ರದ ಪುಸ್ತಕಗಳನ್ನು ರದ್ದಿಗೆ ಹಾಕುತ್ತಾರೆ ಎಂದು ಹಾಸಿಗೆಯಲ್ಲಿ ಕಣ್ಣುಬಿಟ್ಟು ಮಲಗುತ್ತಿದ್ದ. ಮನೆಯವರು "ಈಗ ಸರಿಹೋಗಿದ್ದಾನೆ" ಎಂದುಕೊಂಡಿದ್ದರು. ನಿಮ್ಮವನು ಇನ್ನೂ ನಿಮ್ಮ ಹತ್ತಿರ ಹೇಳುತ್ತಿದ್ದಾನೆ. ಅದನ್ನು ಕಳೆದುಕೊಳ್ಳಬೇಡಿ.

"ಡ್ರ್ಯಾಗನ್ ಅಂತ ಏನೂ ಇಲ್ಲ" ಎಂದು ಹೇಳುವುದು ಎರಡನೆಯದು. ಹೇಳಿ. ಅವನು ಗಂಭೀರವಾಗಿ ಕೇಳಿದಾಗ ನಿಜವನ್ನೇ ಹೇಳಬೇಕು. ಆದರೆ ಆ ಪೆಟ್ಟಿಗೆಯ ಮಕ್ಕಳಿಗೂ ಇಲ್ಲ ಎಂದು ಗೊತ್ತಿತ್ತಲ್ವಾ? ಮಾಹಿತಿ ಮಾತ್ರ ಸಾಲದು. ರಾತ್ರಿ ಹತ್ತು ಗಂಟೆಗೆ ವಾದಕ್ಕೆ ಇಳಿದರೆ ಸೋಲುವವರು ನೀವು.

ಮೂರನೆಯದು ಈಗ ಫ್ಯಾಷನ್ನು. ಬಾಟಲಿಯಲ್ಲಿ ನೀರು ತುಂಬಿ "ರಾಕ್ಷಸ ಓಡಿಸುವ ಸ್ಪ್ರೇ" ಎಂದು ಮಂಚದ ಕೆಳಗೆ ಹೊಡೆಯುವುದು. ಮಗು ನಗುತ್ತಾ ಆಡಿದರೆ ಮಜಾ. ಆದರೆ ನೀವು ಗಂಭೀರ ಮುಖ ಮಾಡಿ ಹೊಡೆದರೆ, ದೊಡ್ಡವರೂ ಔಷಧ ಹೊಡೀತಿದ್ದಾರೆ, ಅಂದರೆ ಅದು ನಿಜವಾಗಿ ಇದೆ ಅನ್ನುವ ಅರ್ಥ ಹೋಗುತ್ತದೆ. ಬಾಟಲಿ ಖಾಲಿಯಾದ ದಿನ ಏನು ಮಾಡುತ್ತೀರಿ? ದಾರದ್ದೂ ಇದೇ ಲೆಕ್ಕ. ಅತ್ತೆಯವರ ಜೊತೆ ಜಗಳ ಬೇಡ. ಕಟ್ಟಿದರೆ ಕಟ್ಟಲಿ, ಕೈಯಲ್ಲಿ ಒಂದು ದಾರ ಇದ್ದರೆ ಮಗುವಿಗೆ ನಷ್ಟವಿಲ್ಲ. ಆದರೆ "ನಿನಗೆ ಗಾಳಿ ಸೋಕಿದೆ" ಎಂಬ ಮಾತು ಅವನ ಕಿವಿಗೆ ಬೀಳಬಾರದು. ಅಲ್ಲಿಯವರೆಗೆ ಡ್ರ್ಯಾಗನ್ ಹೊರಗಿತ್ತು, ಆ ಮಾತಿನಿಂದ ಅದು ಅವನ ಮೈಯೊಳಗೆ ಬರುತ್ತದೆ. ಇದು ಅತ್ತೆಗೆ ಅರ್ಥವಾಗುತ್ತದೆ, ಮೆಲ್ಲಗೆ ಹೇಳಿ.

ನಾನು ಹೇಳುವ ದಾರಿ ನಿಧಾನದ್ದು. ಕತೆಯನ್ನು ಅವನ ಕೈಗೇ ಪೂರ್ತಿ ಕೊಟ್ಟುಬಿಡಿ. ರಾತ್ರಿ ಅಲ್ಲ, ಹಗಲು. ಹಳೆಯ ಕ್ಯಾಲೆಂಡರಿನ ಹಿಂಬದಿಯಲ್ಲಿ ಅದರ ಚಿತ್ರ ಬರೆಯಲಿ. ನೀವು ಬರೀ ಕೇಳುತ್ತಾ ಹೋಗಿ. ಎಷ್ಟು ಎತ್ತರ, ಏನು ತಿನ್ನುತ್ತೆ, ಭಟ್ಟಿಯಲ್ಲಿ ಸಂಬಳ ಎಷ್ಟು, ರಜೆ ಯಾವತ್ತು. ಮುಖ್ಯವಾದ ಪ್ರಶ್ನೆ: ಅದಕ್ಕೆ ಯಾವುದರ ಭಯ? ನಮ್ಮ ಪುರಾಣದವರಿಗೆ ಈ ಗುಟ್ಟು ಚೆನ್ನಾಗಿ ಗೊತ್ತಿತ್ತು. ಪಕ್ಕದ ಹರಿಹರದ ಕತೆಯನ್ನೇ ನೋಡಿ. ಗುಹಾಸುರನಿಗೆ ಹರಿಯಿಂದಲೂ ಸಾವಿಲ್ಲ, ಹರನಿಂದಲೂ ಸಾವಿಲ್ಲ ಎಂಬ ವರ. ಹಾಗಾದರೆ ಏನು ಮಾಡುವುದು? ಇಬ್ಬರೂ ಸೇರಿ ಒಂದೇ ಮೈಯಾಗಿ ಬಂದರು. ಎಂಥ ರಾಕ್ಷಸನ ವರದಲ್ಲೂ ಒಂದು ಸಂದಿ ಇರುತ್ತದೆ. ಈ ಕತೆಯನ್ನು ಮಾವನವರು ಹೇಳಲಿ, ಮೊಮ್ಮಗನ ಡ್ರ್ಯಾಗನ್ನಿನ ಸಂದಿ ಎಲ್ಲಿದೆ ಎಂದು ಇಬ್ಬರೂ ಸೇರಿ ಹುಡುಕಲಿ. ಒಬ್ಬಳು ಹುಡುಗಿ ನನ್ನ ಕೋಣೆಯಲ್ಲಿ ಕೂತು ಯೋಚಿಸಿ ಯೋಚಿಸಿ, ತನ್ನ ದೆವ್ವಕ್ಕೆ ಕಚಗುಳಿ ಜಾಸ್ತಿ ಎಂದು ಕಂಡುಹಿಡಿದಳು. ಮುಂದಿನ ವಾರ ಅವಳಮ್ಮ ಫೋನು ಮಾಡಿ, ಬರುವುದು ಬೇಡ ಅನ್ನಿಸುತ್ತೆ ಅಂದರು.

ಇದರಲ್ಲೂ ಒಂದು ಅಪಾಯ ಇದೆ, ಅದು ನಾವೇ. ಮಗು ಕತೆ ಕಟ್ಟುವಾಗ ದೊಡ್ಡವರಿಗೆ ನೀತಿ ತೂರಿಸುವ ಆಸೆ ಬರುತ್ತದೆ. "ನೋಡು, ಡ್ರ್ಯಾಗನ್ ಕೂಡ ತರಕಾರಿ ತಿನ್ನುತ್ತೆ" ಅಂದರೆ ಮುಗಿಯಿತು, ಅದು ಮತ್ತೆ ನಿಮ್ಮ ಡ್ರ್ಯಾಗನ್ ಆಯಿತು.

ಜೊತೆಗೆ ರಾತ್ರಿಯ ಬಾತ್‌ರೂಮಿನ ಅಭ್ಯಾಸ. ಮೊದಲ ಮೂರು ದಿನ ನೀವು ಬಾಗಿಲ ಹೊರಗೆ ನಿಲ್ಲಿ. ಆಮೇಲೆ ನಾಲ್ಕು ಹೆಜ್ಜೆ ಹಿಂದೆ. ಆಮೇಲೆ ಪಡಸಾಲೆಯಿಂದ ಮಾತಾಡಿಸುತ್ತಾ ಇರಿ. ಅವನ ಕೈಯಲ್ಲಿ ಅವನದೇ ಟಾರ್ಚು, ದಾರಿಯಲ್ಲಿ ಒಂದು ಝೀರೋ ಬಲ್ಬು. ಒಂದು ದಿನ ಹಿಂದಕ್ಕೆ ಜಾರಿದರೆ ಬೈಯಬೇಡಿ, ಮತ್ತೆ ಎರಡು ಹೆಜ್ಜೆ ಮುಂದೆ ಬಂದು ನಿಲ್ಲಿ. ನಿಮ್ಮ ಪಕ್ಕದಲ್ಲೇ ಮಲಗುತ್ತಾನೆ ಅಂದರೆ ಅದನ್ನು ಈಗಲೇ ಬಿಡಿಸಲು ಹೋಗಬೇಡಿ. ನಮ್ಮ ಕಡೆ ಮಕ್ಕಳು ಹಾಗೇ ಬೆಳೆಯುತ್ತಾರೆ.

ಜಿಕೆ ಪುಸ್ತಕವೂ ಬರಲಿ. ಅಪ್ಪ ಅದರಿಂದಲೇ ಕೊಮೊಡೊ ಡ್ರ್ಯಾಗನ್ ತೋರಿಸಲಿ. ಇಂಡೊನೇಷ್ಯಾದ ಕೆಲವೇ ದ್ವೀಪಗಳಲ್ಲಿರುವ, ಮೂರು ಮೀಟರ್‌ವರೆಗೆ ಬೆಳೆಯುವ ಉಡದ ಜಾತಿ. ವಿಜ್ಞಾನಕ್ಕೆ ಅದರ ಪರಿಚಯವಾಗಿದ್ದು 1912ರಲ್ಲಿ. ಅಷ್ಟು ದೂರ ಬೇಡ ಅಂದರೆ ನಮ್ಮ ಮಲೆನಾಡಿನ ಅಡಿಕೆ ತೋಟದಲ್ಲೇ ಹಾರುವ ಓತಿ ಇದೆ. ಪಕ್ಕೆಲುಬು ಅಗಲಿಸಿ ಚರ್ಮವನ್ನು ಕೊಡೆಯಂತೆ ಬಿಚ್ಚಿ ಮರದಿಂದ ಮರಕ್ಕೆ ತೇಲುತ್ತದೆ. ವಿಜ್ಞಾನಿಗಳು ಅದರ ಕುಲಕ್ಕೆ ಇಟ್ಟ ಹೆಸರೇ ಡ್ರ್ಯಾಕೋ. ಲ್ಯಾಟಿನ್‌ನಲ್ಲಿ ಅದಕ್ಕೆ ಡ್ರ್ಯಾಗನ್ ಎಂದೇ ಅರ್ಥ. ಒಂದು ಭಾನುವಾರ, ಕೇಳಿಕೊಂಡು, ಮಂಡಕ್ಕಿ ಭಟ್ಟಿಗೂ ಕರೆದೊಯ್ಯಿರಿ. ಬೆಂಕಿಯಿಂದ ದೂರ ನಿಂತು ನೋಡಲಿ, ಕಾದ ಮರಳಿನಲ್ಲಿ ಅಕ್ಕಿ ಅರಳುವುದನ್ನು. ಇದರಿಂದ ಡ್ರ್ಯಾಗನ್ ಕೆಲಸ ಬಿಟ್ಟು ಹೋಗುತ್ತದೆ ಎಂದು ನಿರೀಕ್ಷೆ ಇಟ್ಟುಕೊಳ್ಳಬೇಡಿ. ಅದಕ್ಕೆ ಬಡ್ತಿ ಸಿಕ್ಕರೂ ಸಿಗಬಹುದು.

ಶಾಲೆಯ ಡೈರಿ. ಸುಳ್ಳು ಹೇಳುವವನಿಗೆ ಏನೋ ತಪ್ಪಿಸಿಕೊಳ್ಳುವುದೋ ಗಿಟ್ಟಿಸುವುದೋ ಇರುತ್ತದೆ. ಹೋಂವರ್ಕನ್ನು ಡ್ರ್ಯಾಗನ್ ತಿಂದಿತು ಅಂದರೆ ಅದು ಸುಳ್ಳು, ಕಿವಿ ಹಿಂಡಬಹುದು. ಟೆರೇಸ್ ಮೇಲೆ ಮಲಗುತ್ತೆ ಅಂದರೆ ಅದು ಕತೆ. ಅವನು ನಿಮ್ಮನ್ನು ಮೋಸ ಮಾಡುತ್ತಿಲ್ಲ, ಆಟಕ್ಕೆ ಕರೆಯುತ್ತಿದ್ದಾನೆ. "ಇದು ನಿಜದ ಮಾತಾ, ಕತೆ ಮಾತಾ?" ಎಂದು ಕೇಳುವ ಪದ್ಧತಿ ಇಟ್ಟುಕೊಳ್ಳಿ. ಈ ವಯಸ್ಸಿನ ಮಕ್ಕಳು ಸಾಮಾನ್ಯವಾಗಿ ಥಟ್ಟನೆ "ಕತೆ ಮಾತು" ಅನ್ನುತ್ತಾರೆ. ಮಿಸ್ಸಿಗೂ ಇದನ್ನೇ ಹೇಳಿ, ದೂರುವ ದನಿ ಬೇಡ. ಐವತ್ತು ಮಕ್ಕಳ ಮಧ್ಯೆ ಒಂದು ಡ್ರ್ಯಾಗನ್ ಸಂಭಾಳಿಸುವುದು ಅವರಿಗೂ ಸುಲಭವಲ್ಲ.

ಡಾಕ್ಟರು? ನೀವು ಬರೆದಿದ್ದನ್ನು ನೋಡಿದರೆ ಈಗ ಬೇಡ. ಹಗಲು ಖುಷಿಯಾಗಿದ್ದಾನೆ, ಮನೆಯಲ್ಲಿ ಎಲ್ಲವನ್ನೂ ಹೇಳುತ್ತಿದ್ದಾನೆ. ಆದರೆ ಕೆಲವು ವಿಷಯ ಕಂಡರೆ ತಡ ಮಾಡಬೇಡಿ. ಹೆದರಿಕೆ ಹಗಲಿಗೂ ಹರಡಿ ಶಾಲೆ, ಊಟ, ಆಟ ಬಿಟ್ಟರೆ. ನಿಂತಿದ್ದ ಹಾಸಿಗೆ ಒದ್ದೆ ಮಾಡುವ ಅಭ್ಯಾಸ ಮತ್ತೆ ಶುರುವಾದರೆ. ಆಟವಿಲ್ಲದ ಹೊತ್ತಿನಲ್ಲೂ ದನಿ ಕೇಳಿಸುತ್ತದೆ, ಅದು ಹೀಗೆ ಮಾಡು ಅನ್ನುತ್ತದೆ ಎಂದರೆ. ಇಷ್ಟೆಲ್ಲ ಮಾಡಿದ ಮೇಲೂ ಇನ್ನು ಎರಡು ಮೂರು ತಿಂಗಳು ಕಡಿಮೆಯಾಗದಿದ್ದರೆ.

ನಿದ್ದೆಯಲ್ಲಿ ಕಿರುಚುವುದು ಬೇರೆ ವಿಷಯ. ಮಲಗಿದ ಮೊದಲ ಎರಡು ಮೂರು ಗಂಟೆಯೊಳಗೆ ಚೀರಿ, ಕಣ್ಣು ಬಿಟ್ಟಿದ್ದರೂ ನಿಮ್ಮನ್ನು ಗುರುತಿಸದೆ, ಬೆಳಗ್ಗೆ ಏನೂ ನೆನಪಿಲ್ಲದಿದ್ದರೆ ಅದು ಕೆಟ್ಟ ಕನಸಲ್ಲ, ಗಾಢ ನಿದ್ದೆಯಿಂದ ಅರ್ಧ ಎದ್ದ ಸ್ಥಿತಿ. ಅಲುಗಾಡಿಸಿ ಎಬ್ಬಿಸಬೇಡಿ, ಬೀಳದಂತೆ ನೋಡಿಕೊಳ್ಳಿ. ಬಹುತೇಕ ಮಕ್ಕಳಲ್ಲಿ ಬೆಳೆದಂತೆ ಹೋಗುತ್ತದೆ, ಪದೇ ಪದೇ ಆದರೆ ಮಕ್ಕಳ ಡಾಕ್ಟರಿಗೆ ಹೇಳಿ.

ಇನ್ನೊಂದು ಮಾತು, ಹೇಳಲೇಬೇಕು. ಅಪರೂಪಕ್ಕೆ ಡ್ರ್ಯಾಗನ್ ಒಬ್ಬ ಮನುಷ್ಯನ ವೇಷವಾಗಿರುತ್ತದೆ. ವ್ಯಾನಿನಲ್ಲಿ ಹೊಡೆಯುವ ದೊಡ್ಡ ಹುಡುಗ, ಪಕ್ಕದ ಮನೆಯ ಯಾರೋ ಒಬ್ಬ. ಚಿತ್ರ ಬರೆಯುವಾಗ ಸಹಜವಾಗಿ ಕೇಳಿ: "ಇದರ ಮುಖ ಯಾರ ತರ ಇದೆ?" ಹೆಸರು ಬಂದರೆ ಗಾಬರಿ ತೋರಿ‌ಸದೆ ಪೂರ್ತಿ ಕೇಳಿಸಿಕೊಳ್ಳಿ. ಅಂಥದ್ದೇನಾದರೂ ಇದ್ದರೆ ಮಕ್ಕಳ ಸಹಾಯವಾಣಿ 1098, ದಿನದ ಯಾವ ಹೊತ್ತಿಗೂ. ಮನಸ್ಸಿನ ಆರೋಗ್ಯದ ಸಲಹೆಗೆ ಟೆಲಿ ಮಾನಸ್, 14416. ಕನ್ನಡದಲ್ಲೇ ಮಾತಾಡಬಹುದು, ಖರ್ಚಿಲ್ಲ.

ಈಗ ನಿಮ್ಮ ಮಗನಿಗೆ. ಇದನ್ನು ಅವನಿಗೇ ಓದಿ ಹೇಳಿ.

ಪುಟ್ಟಾ, ಡ್ರ್ಯಾಗನ್ ಬಾಯಿ ಸುಡುತ್ತಾ ಇಲ್ವಾ ಅನ್ನುವುದನ್ನು ನೀನೇ ಹೇಳಬೇಕು, ಅದು ನಿನ್ನ ಡ್ರ್ಯಾಗನ್. ಆದರೆ ನಿಜವಾಗಿಯೂ ಬಿಸಿ ಸಿಡಿಸುವ ಒಂದು ಪುಟ್ಟ ಜೀರುಂಡೆ ಇದೆ. ಅದರ ಹೆಸರು ಬಾಂಬಾರ್ಡಿಯರ್. ಅದರ ಹೊಟ್ಟೆಯಲ್ಲಿ ಒಂದು ಚೀಲ, ಪಕ್ಕದಲ್ಲೇ ಗಟ್ಟಿ ಗೋಡೆಯ ಒಂದು ಕೋಣೆ. ಚೀಲದಲ್ಲಿರುವಾಗ ರಸ ತಣ್ಣಗೆ ಇರುತ್ತದೆ. ಶತ್ರು ಬಂದಾಗ ಅದು ರಸವನ್ನು ಆ ಕೋಣೆಗೆ ತಳ್ಳುತ್ತದೆ, ಅಲ್ಲಿ ಬೇರೊಂದು ರಸ ಸೇರಿ ಕೊತಕೊತ ಕುದಿಯುತ್ತದೆ. ಸುಮಾರು 100 ಡಿಗ್ರಿ, ಅಮ್ಮ ಟೀಗೆ ಇಟ್ಟ ನೀರಿನಷ್ಟು ಬಿಸಿ. ಟಪ್ ಎಂದು ಹೊರಗೆ ಸಿಡಿಯುತ್ತದೆ. ಕೋಣೆಯ ಗೋಡೆ ಗಟ್ಟಿ ಇರುವುದರಿಂದ ಜೀರುಂಡೆಗೆ ಸುಡುವುದಿಲ್ಲ. ಆದರೆ ಒಂದು ವಿಷಯ, ಅದು ಸಿಡಿಸುವುದು ಬಾಯಿಂದ ಅಲ್ಲ. ಅಂಡಿನಿಂದ.

ನಿನ್ನ ಡ್ರ್ಯಾಗನ್ ಯಾವ ಕಡೆಯಿಂದ ಬೆಂಕಿ ಬಿಡುತ್ತೆ, ಸರಿಯಾಗಿ ನೋಡಿದ್ದೀಯಾ?